ಗಾಳಿ ಬಚ್ಚಿಟ್ಟ ಗಿಡುಗ

ಉತ್ತರದ ಕಡೆ ಒಂದು ಕಾಡಿನಲ್ಲಿ ಗಿಡುಗಗಳು ಎಷ್ಟಿದ್ದವೆಂದರೆ, ಎಲ್ಲವೂ ಒಟ್ಟಿಗೆ ಹಾರಿದರೆ ಕೆಳಗಿನ ಮೊಲಗಳಿಗೆ ಬಿಸಿಲೇ ಸಿಗುತ್ತಿರಲಿಲ್ಲ. ಚಳಿ ಶುರುವಾಯಿತೆಂದರೆ ಅವು ಗುಂಪುಗೂಡಿ ದಕ್ಷಿಣದ ಹುಲ್ಲುಗಾವಲಿಗೆ ಹೊರಡುತ್ತಿದ್ದವು. ಅಲ್ಲಿ ಕೊಬ್ಬಿದ ಮಿಡತೆಗಳು! ನೆನೆಸಿಕೊಂಡರೇ ಬಾಯಲ್ಲಿ ನೀರು.

ಅಷ್ಟು ದೂರ ರೆಕ್ಕೆ ಬಡಿದುಕೊಂಡೇ ಹೋಗಲು ಯಾರಿಂದಾಗುತ್ತದೆ? ನೆಲ ಕಾದಾಗ ಬಿಸಿಗಾಳಿ ಮೇಲೇಳುತ್ತದಲ್ಲ, ಅದರೊಳಗೆ ಸುತ್ತುತ್ತಾ ಗಿಡುಗಗಳು ಆಕಾಶಕ್ಕೇರುತ್ತಿದ್ದವು. ಅಲ್ಲಿಂದ ರೆಕ್ಕೆ ಚಾಚಿ ಮುಂದಿನ ಬಿಸಿಗಾಳಿಯವರೆಗೆ ಆರಾಮಾಗಿ ತೇಲುತ್ತಿದ್ದವು. ಗಾಳಿ ಯಾರಿಗೆ ಮೊದಲು ಸಿಕ್ಕಿತೋ ಅವರು "ಕೀ...!" ಎಂದು ಕೂಗಬೇಕು, ಉಳಿದವರು ಬಂದು ಸೇರಬೇಕು. ಅದು ಅವರ ಪದ್ಧತಿ.

ಮಿಂಚುಗಣ್ಣ ಎಂಬ ಗಿಡುಗನಿಗೆ ತನ್ನ ಕಣ್ಣಿನ ಮೇಲೆ ಭಾರೀ ಜಂಬ. 'ಗಾಳಿ ಹುಡುಕುವುದು ನಾನು, ಮಿಡತೆ ತಿನ್ನುವುದು ಎಲ್ಲರೂ! ಈ ಸಲ ನಾನೊಬ್ಬನೇ ಮೊದಲು ಹೋಗಿ ಒಳ್ಳೆಯ ಮರ ಹಿಡಿಯುತ್ತೇನೆ' ಎಂದುಕೊಂಡ.

ದಾರಿಯಲ್ಲಿ ಒಂದು ಕರಿಬಂಡೆ ಸಿಕ್ಕಿತು. ಅದರ ಮೇಲೆ ಬಿಸಿಗಾಳಿ ಭರ್ರನೆ ಏಳುತ್ತಿತ್ತು. ಮಿಂಚುಗಣ್ಣ ತುಟಿ ಪಿಟಕ್ಕೆನ್ನಲಿಲ್ಲ.

"ಏನಪ್ಪಾ, ಗಾಳಿ ಇದೆಯಾ ಅಲ್ಲಿ?" ಎಂದು ಗುಂಪಿನ ಹಿರಿಯಳಾದ ಬೂದಜ್ಜಿ ಕೇಳಿದಳು.

"ಎಲ್ಲಿದೆ ಅಜ್ಜಿ? ಆ ಕೆರೆ ದಾಟಿ ನೋಡಿ, ಅಲ್ಲಿ ಸಿಗಬಹುದು."

ಪಾಪ, ಎಲ್ಲರೂ ನಂಬಿ ಹೊರಟರು. ತಣ್ಣನೆಯ ನೀರಿನ ಮೇಲೆ ಬಿಸಿಗಾಳಿ ಎಲ್ಲಿಂದ ಬರಬೇಕು? ರೆಕ್ಕೆ ಬಡಿದೂ ಬಡಿದೂ ಮರಿಗಳು ಅಳುವಂತಾದವು. ಆಚೆ ದಡ ಸೇರಿ ತಿರುಗಿ ನೋಡಿದರೆ, ಕರಿಬಂಡೆಯ ಮೇಲೆ ಮಿಂಚುಗಣ್ಣ ಒಬ್ಬನೇ ಗಿರಗಿರನೆ ಏರುತ್ತಿದ್ದ!

"ಬೆಪ್ಪುತಕ್ಕಡಿಗಳು!" ಎಂದು ನಗುತ್ತಾ ಅವನು ಮುಂದಕ್ಕೆ ತೇಲಿದ. ತೇಲುತ್ತಾ ಕೆಳಗಿಳಿದ. ಇನ್ನೊಂದು ಬಿಸಿಗಾಳಿ ಬೇಕಲ್ಲ? ಎಡಕ್ಕೆ ಹುಡುಕುವಾಗ ಬಲಗಡೆಯದು ತಪ್ಪಿತು. ಬಲಕ್ಕೆ ಹುಡುಕುವಾಗ ಎಡಗಡೆಯದು ತಪ್ಪಿತು. ಕಣ್ಣು ಎಷ್ಟು ಚುರುಕಾದರೇನು, ಇದ್ದದ್ದು ಒಂದೇ ಜೊತೆ. ಕೊನೆಗೆ ರೆಕ್ಕೆ ಸೋತು ಜಾಲಿ ಗಿಡದ ಮೇಲೆ ಧೊಪ್ಪನೆ ಬಿದ್ದ.

"ಯಾಕಣ್ಣಾ, ಈ ಸಲ ಇಲ್ಲೇ ಸಂಸಾರ ಹೂಡ್ತೀಯಾ?" ಎಂದು ಅದೇ ಗಿಡದಲ್ಲಿ ಕೂತಿದ್ದ ಕಾಗೆಯೊಂದು ಕೇಳಿತು.

ಮಿಂಚುಗಣ್ಣನಿಗೆ ಅಳು ಬಂತು. ಇಲ್ಲೇ ಉಳಿದರೆ ಚಳಿಗೆ ಸಾಯುವುದೇ ಗತಿ.

ಅಷ್ಟರಲ್ಲಿ, ಗಾಳಿ ಸಿಕ್ಕಲ್ಲೆಲ್ಲ ಒಬ್ಬರನ್ನೊಬ್ಬರು ಕೂಗಿ ಕರೆಯುತ್ತಾ ಗುಂಪು ಬಂತು. ಅವನು ನಾಚಿ ಎಲೆಗಳ ಹಿಂದೆ ಅಡಗಿದ. "ಬಾಲ ಕಾಣ್ತಿದೆ!" ಎಂದಿತು ಕಾಗೆ.

ಪಕ್ಕದ ಹೊಲದ ಮೇಲೆ ಬೂದಜ್ಜಿಗೆ ಗಾಳಿ ಸಿಕ್ಕಿತು. "ಕೀ...!" ಎಂದಳು.

"ಮೆಲ್ಲಗೆ ಅಜ್ಜೀ, ಆ ಮೋಸಗಾರನಿಗೂ ಕೇಳಿಸುತ್ತೆ!" ಎಂದಿತು ಒಂದು ಮರಿ.

"ಕೇಳಿಸಲಿ ಬಿಡಮ್ಮಾ. ಗಾಳಿಯನ್ನು ನಾನೇನು ಮನೇಲಿ ಮಾಡಿ ತಂದೆನಾ?" ಎಂದು ಬೂದಜ್ಜಿ ಇನ್ನೂ ಜೋರಾಗಿ ಕೂಗಿದಳು.

ಮಿಂಚುಗಣ್ಣ ತಲೆ ತಗ್ಗಿಸಿ ಎಲ್ಲರಿಗಿಂತ ಕೆಳಗೆ ಬಂದು ಸೇರಿದ. ಹುಲ್ಲುಗಾವಲಿಗೆ ಕೊನೆಯವನಾಗಿ ತಲುಪಿದ. ಒಳ್ಳೆಯ ಮರಗಳೆಲ್ಲ ಭರ್ತಿ! ಅವನಿಗೆ ಉಳಿದದ್ದು ಮುಳ್ಳಿನ ಕೊಂಬೆ ಮಾತ್ರ. ಆದರೆ ಮಿಡತೆಗಳು ಎಲ್ಲರಿಗೂ ಹೊಟ್ಟೆ ತುಂಬ ಸಿಕ್ಕವು, ಅವನಿಗೂ.

ಮರುವರ್ಷ ಮಿಂಚುಗಣ್ಣ ಚೂರು ಗಾಳಿ ಸೋಕಿದರೂ "ಕೀ! ಕೀ!" ಎಂದು ಅರಚತೊಡಗಿದ.

"ಅಯ್ಯೋ, ಅದು ಗಾಳಿಯಲ್ಲ ಮಾರಾಯ, ನಾನು ಆಕಳಿಸಿದ್ದು!" ಎಂದಳು ಬೂದಜ್ಜಿ. ಇಡೀ ಆಕಾಶವೇ ನಕ್ಕಿತು. ಎಲ್ಲರಿಗಿಂತ ಜೋರಾಗಿ ನಕ್ಕವನು ಮಿಂಚುಗಣ್ಣನೇ.

ನೀತಿ: ಎಲ್ಲರಿಗೂ ಸೇರಿದ್ದನ್ನು ಒಬ್ಬನೇ ಬಚ್ಚಿಟ್ಟುಕೊಂಡವನು ಕೊನೆಗೆ ತಾನೇ ಹಿಂದೆ ಬೀಳುತ್ತಾನೆ.