ಅಜ್ಜಮ್ಮನ ಕೋಣೆಗೆ ತಕ್ಕ ಲೆನ್ಸ್

"ಕೇಳ್ರಪ್ಪೋ ಕೇಳಿ! ಮರಡಿಕೋಟೆಯ ದೊರೆ ಸೋವಿದೇವ ಮಹಾರಾಜರ ಅಪ್ಪಣೆ! ಹಾಸಿಗೆ ಹಿಡಿದಿರುವ ರಾಜಮಾತೆಯವರ ಪಟ ತೆಗೆಯಬೇಕಾಗಿದೆ. ರಾಜಕುಮಾರಿ ನಾಗಲೆಯವರ ಮೂರು ಒಗಟು ಬಿಡಿಸಿ, ಅದಕ್ಕೆ ತಕ್ಕ ಲೆನ್ಸ್ ಆರಿಸಿಕೊಟ್ಟವನಿಗೆ ಅರ್ಧ ರಾಜ್ಯ ಕೊಟ್ಟು ರಾಜಕುಮಾರಿಯವರನ್ನು ಧಾರೆಯೆರೆಯಲಾಗುವುದು. ತಪ್ಪು ಹೇಳಿದವನ ತಲೆ ಹಾರುವುದು!"

ಮಹಡಿಯ ಮೇಲೆ ನಿಂತಿದ್ದ ನಾಗಲೆಗೆ ಡಂಗುರ ಕೇಳಿ ಮೈಯೆಲ್ಲ ಉರಿದುಹೋಯಿತು. "ಥೂ! ನಾನೇನು ಸಂತೆಯ ಮೇಕೆಯೇ?" ಅವಳು ಅಪ್ಪನನ್ನು ಕೇಳಿದ್ದೇನು, ಅಪ್ಪ ಸಾರಿಸಿದ್ದೇನು! ಕಣ್ಣು ಮುಚ್ಚುವ ಮುಂಚೆ ಮೊಮ್ಮಗಳ ಜೊತೆ ಒಂದು ಪಟ ಬೇಕೆಂದು ಅಜ್ಜಮ್ಮ ಆಸೆಪಟ್ಟಿದ್ದಳು, ಅಷ್ಟೇ. ಮರಡಿಕೋಟೆಯ ಪದ್ಧತಿ ಗೊತ್ತಲ್ಲ, ಹಿರಿಯರು ಹಾಸಿಗೆ ಹಿಡಿದರೆ ಕೋಣೆಯಲ್ಲಿ ಒಂದೇ ಒಂದು ಎಣ್ಣೆದೀಪ. ಕಿಟಕಿ ತೆರೆಯಕೂಡದು, ಫ್ಲ್ಯಾಶ್ ಅಂತೂ ಮಹಾಪಾಪ. ಕೋಣೆಯೋ, ಮೂವರು ನಿಂತರೆ ನಾಲ್ಕನೆಯವನಿಗೆ ಜಾಗವಿಲ್ಲ. ಒಳಗೆ ಕನ್ನಡಿಯೇ ಇಲ್ಲದ ಅರಮನೆಯ ಮಿರರ್‌ಲೆಸ್ ಕ್ಯಾಮರಾ ಸದ್ದು ಮಾಡುವುದಿಲ್ಲ, ಸರಿ. ಅದಕ್ಕೆ ಯಾವ ಲೆನ್ಸ್ ಹಾಕಬೇಕೆಂದು ತಿಳಿಯದ ಪೆದ್ದರು ಒಳಗೆ ನುಗ್ಗದಿರಲೆಂದು ನಾಗಲೆ ಒಗಟು ಕಟ್ಟಿದ್ದಳು. ತಲೆ ಹಾರಿಸುವುದು, ಧಾರೆಯೆರೆಯುವುದು, ಇದೆಲ್ಲ ಅಪ್ಪ ಸೇರಿಸಿದ ಒಗ್ಗರಣೆ.

ಆಸ್ಥಾನದಲ್ಲಿ ಉದ್ದನೆಯ ಮಣೆಯ ಮೇಲೆ ಬೊಕ್ಕಸದ ಲೆನ್ಸುಗಳನ್ನೆಲ್ಲ ಜೋಡಿಸಿದ್ದರು. ಮೊದಲು ಬಂದವನು ಹೆಬ್ಬಂಡೆಯ ಯುವರಾಜ ಬಲ್ಲರಸ. ಅವನ ಮುಖ ಕಂಡದ್ದೇ ನಾಗಲೆ ಸೆರಗಿನಿಂದ ಮೂಗು ಮುಚ್ಚಿಕೊಂಡಳು. ಅವಳು ತಲೆಗೂದಲು ಒಣಗಿಸುವಾಗ ಆಚೆ ಬುರುಜಿನಿಂದ ಮೊಳದುದ್ದದ ಲೆನ್ಸ್ ಹಿಡಿದು ಪಟ ತೆಗೆದಿದ್ದ ಭಂಡ ಇವನೇ.

ನಾಗಲೆ ಮುಖ ಸಿಂಡರಿಸಿಕೊಂಡೇ ಕೇಳಿದಳು. "ನಿಂತ ಜಾಗದಲ್ಲೇ ಇಡೀ ಮನೆ ನುಂಗುತ್ತದೆ. ಆದರೆ ದೂರ ನಿಂತ ಆನೆಯನ್ನು ಇರುವೆ ಮಾಡುತ್ತದೆ. ಯಾವುದದು?"

"ಮನೆ ನುಂಗೋಕೆ ದೊಡ್ಡದೇ ಬೇಕಲ್ಲ!" ಬಲ್ಲರಸ ಮಣೆಯ ಮೇಲಿದ್ದ ಎಲ್ಲಕ್ಕಿಂತ ಉದ್ದದ ಲೆನ್ಸನ್ನು ಎತ್ತಿಕೊಂಡ. ಅವನ ತಪ್ಪೇನು, ರಾಜಮನೆತನದವರ ಹತ್ತಿರ ಹೋಗದೆ ಅಂಗಳದಾಚೆಯಿಂದಲೇ ಪಟ ತೆಗೆಯುವುದು ಆ ಸೀಮೆಯ ಮರ್ಯಾದೆ. ಭಟರು ಅವನನ್ನು ಸೆರೆಮನೆಗೆ ಎಳೆದೊಯ್ದರು.

ಆಮೇಲೆ ಬಂದವನು ತೊರೆಗಲ್ಲಿನ ಚಾವುಂಡ. ಮೈತುಂಬ ಅತ್ತರು, ಬಾಯಿತುಂಬ ಎಲೆಯಡಿಕೆ. ಮೊದಲ ಎರಡು ಒಗಟನ್ನು ಅದು ಹೇಗೋ ಬಿಡಿಸಿಬಿಟ್ಟ. ನಾಗಲೆ ಹಣೆ ಚಚ್ಚಿಕೊಂಡಳು. ಈ ಎಂಜಲುಬಾಯಿಯ ಜೊತೆ ಬಾಳಬೇಕೇ, ರಾಮ ರಾಮಾ!

ಅವಳು ಮೂರನೆಯದನ್ನು ಕೇಳಿದಳು. "ತಾನು ಮುಂದೆ ಬರುವುದಿಲ್ಲ, ಹಿಂದೆ ಹೋಗುವುದಿಲ್ಲ. ಯಜಮಾನನನ್ನು ಮಾತ್ರ ನಡೆಸದೆ ಬಿಡುವುದಿಲ್ಲ. ಯಾವುದು?"

ಚಾವುಂಡ ಕೆಂಪು ಹಲ್ಲು ಕಿರಿದು ದೊರೆಯ ಕಡೆ ಬಾಗಿದ. "ಇನ್ಯಾವುದು ಪ್ರಭು, ತಮ್ಮ ಸಿಂಹಾಸನ!"

ದೊರೆ ಉಬ್ಬಿಹೋಗಿ "ಭಲೆ!" ಎಂದುಬಿಟ್ಟ.

"ಅಪ್ಪಾಜಿ, ಕ್ಯಾಮರಾಕ್ಕೆ ಸಿಂಹಾಸನ ಸಿಕ್ಕಿಸ್ತೀರಾ?" ನಾಗಲೆ ಸಿಡುಕಿದಳು. ಚಾವುಂಡನೂ ಸೆರೆಮನೆ ಸೇರಿದ. ಅವನನ್ನು ಕಂಡರೆ ಆಗದಿದ್ದರೂ, ಅವನ ತಲೆ ಉರುಳುತ್ತದೆಂದು ನೆನೆದು ನಾಗಲೆಗೆ ಇನ್ನಷ್ಟು ಹೇಸಿಗೆಯಾಯಿತು.

ಕೊನೆಗೆ ಬಂದವನು ಮಾಚಯ್ಯ. ಕೆಳಗೇರಿಯ ಒಂಟಿಕೋಣೆ ಮನೆಗಳಲ್ಲಿ ತೊಟ್ಟಿಲು ಶಾಸ್ತ್ರ, ಸೀಮಂತದ ಪಟ ತೆಗೆದು ಹೊಟ್ಟೆ ಹೊರೆಯುವವನು.

"ತಲೆ ಹೋಗುತ್ತೆ, ಗೊತ್ತಾ?" ನಾಗಲೆ ಕೇಳಿದಳು.

"ಗೊತ್ತು ತಾಯಿ. ಆದ್ರೆ ನನ್ನವ್ವ ಪಟಾನೇ ಇಲ್ದೆ ಹೋದ್ಲು. ಈಗ ಮುಖಾನೂ ಸರಿಯಾಗಿ ನೆನಪಾಗಲ್ಲ."

ನಾಗಲೆ ಮೊದಲನೆಯದನ್ನು ಕೇಳಿದ್ದೇ ಮಾಚಯ್ಯ ಹೇಳಿದ. "ಅಗಲ ನೋಟದ ಲೆನ್ಸು. ಗೋಡೆಗೆ ಬೆನ್ನು ಹಚ್ಚಿ ನಿಂತ್ರೂ ಮನೆಮಂದಿಯೆಲ್ಲ ಬೀಳ್ತಾರೆ. ದೂರದವರು ಚಿಕ್ಕದಾಗ್ತಾರೆ."

ನಾಗಲೆ ಎರಡನೆಯದನ್ನು ಕೇಳಿದಳು. "ಹೊಟ್ಟೆಯ ಅಂಕಿ ಚಿಕ್ಕದಾದಷ್ಟೂ ಬಾಯಿ ದೊಡ್ಡದು. ಒಂದು ದೀಪ ಕುಡಿದೇ ತೇಗುತ್ತದೆ."

"ಲೆನ್ಸಿನ ಮೈಮೇಲೆ ಬರೆದಿರೋ ಎಫ್ ಅಂಕಿ ತಾಯಿ. ಅದು ಕಮ್ಮಿ ಇದ್ದಷ್ಟೂ ಕಿಂಡಿ ಅಗಲ, ಜಾಸ್ತಿ ಬೆಳಕು ಒಳಗೆ ಬರುತ್ತೆ."

ಮೂರನೆಯದಕ್ಕೆ ಅವನು ನಕ್ಕೇಬಿಟ್ಟ. "ಪ್ರೈಮ್ ಲೆನ್ಸು. ಅದಕ್ಕೆ ಜೂಮ್ ಇಲ್ಲ. ಹತ್ತಿರ ಬೇಕಂದ್ರೆ ನಾವೇ ಹತ್ತಿರ ಹೋಗ್ಬೇಕು." ಮೂಲೆಯಲ್ಲಿ ಯಾರೂ ಮುಟ್ಟದೆ ಬಿಟ್ಟಿದ್ದ, ಅಂಗೈಯಲ್ಲಿ ಅಡಗುವ ಮೊಂಡು ಲೆನ್ಸನ್ನು ಎತ್ತಿಕೊಂಡ.

"ಪಟ ನೋಡಿದ ಮೇಲೆ ನಿನ್ನ ತಲೆಯ ಮಾತು," ಎಂದು ದೊರೆ ಬಿಚ್ಚುಗತ್ತಿ ಹಿಡಿದು ಅವನ ಹಿಂದೆಯೇ ಕೋಣೆಗೆ ಬಂದು ಮೂಲೆಯಲ್ಲಿ ನಿಂತ. ಮಾಚಯ್ಯ ಮಂಚದ ಪಕ್ಕವೇ ಮಂಡಿಯೂರಿದ. ರಾಜಮಾತೆಯ ಅಷ್ಟು ಹತ್ತಿರ ಹೋದದ್ದಕ್ಕೆ ಬಾಗಿಲಲ್ಲಿದ್ದ ಭಟರು ಭರ್ಜಿ ಎತ್ತಿದರು. "ಮುಟ್ಟಿದ್ರೆ ನೋಡಿ!" ಎಂದು ನಾಗಲೆ ಅವರನ್ನು ಗದರಿಸಿ, ಅಜ್ಜಮ್ಮನ ಕೈ ಹಿಡಿದು ಕೂತಳು. ಸದ್ದಿಲ್ಲದೆ ಪಟ ಮುಗಿಯಿತು.

ದೊರೆ ಕ್ಯಾಮರಾ ಕಿತ್ತುಕೊಂಡು ನೋಡಿದ. ದೀಪದ ಬೆಳಕಲ್ಲಿ ಅಜ್ಜಮ್ಮನ ಒಂದೊಂದು ಸುಕ್ಕೂ ಕಾಣುತ್ತಿತ್ತು. ಪಟದ ಅಂಚಿನಲ್ಲಿ ವಿಕಾರವಾಗಿ ಹಿಗ್ಗಿಕೊಂಡು, ಕತ್ತಿ ಹಿಡಿದ ತಾನು! ಅಜ್ಜಮ್ಮ ಮೊಮ್ಮಗಳನ್ನು ನೋಡುತ್ತಿರಲಿಲ್ಲ. ತುಟಿ ಸೊಟ್ಟ ಮಾಡಿ ಅವನನ್ನೇ ನೋಡುತ್ತಿದ್ದಳು, ತಟ್ಟೆಯಲ್ಲಿ ಹುಳ ಕಂಡವರ ಹಾಗೆ.

"ನಾನ್ಯಾಕೆ ಇದರಲ್ಲಿ ಬಿದ್ದೆ?"

"ಅಗಲದ್ದು ಪ್ರಭು. ಕೋಣೇಲಿ ಇದ್ದೋರನ್ನೆಲ್ಲ ಹಿಡಿಯುತ್ತೆ."

"ಅವ್ವಾ, ಯಾಕೆ ಹಾಗೆ ನೋಡ್ತೀಯಾ?"

"ಹೆತ್ತವಳು ಸಾಯೋ ಕೋಣೆಗೆ ಕತ್ತಿ ಹಿಡ್ಕೊಂಡು ಬಂದಿದ್ದೀಯಲ್ಲೋ, ಥೂ!" ಎಂದಳು ಅಜ್ಜಮ್ಮ.

ದೊರೆಯ ಮುಖ ಬಿಳಿಚಿಕೊಂಡಿತು. ಕತ್ತಿಯನ್ನು ಹೊರಗೆ ಕೊಟ್ಟು ಕಳಿಸಿದ, ಸೆರೆಯಲ್ಲಿದ್ದವರನ್ನು ಬಿಡಿಸಿದ, ಅರ್ಧ ರಾಜ್ಯವನ್ನೂ ಮಗಳನ್ನೂ ತೆಗೆದುಕೋ ಎಂದು ಮಾಚಯ್ಯನಿಗೆ ತೊದಲಿದ.

"ಅವರನ್ನ ಕೇಳದೆ ಅವರನ್ನೇ ಕೊಡ್ತೀರಲ್ಲ ಪ್ರಭು! ರಾಜ್ಯ ನನಗ್ಯಾಕೆ, ಈ ಲೆನ್ಸ್ ಕೊಡಿ. ನಮ್ಮ ಕೇರಿ ಮನೆಗಳೂ ಹಿಂಗೇ ಇಕ್ಕಟ್ಟು, ಹಿಂಗೇ ಕತ್ತಲು."

ಲೆನ್ಸಿನ ಜೊತೆ ಅರಮನೆಯ ಪಟಗಾರನ ಕೆಲಸವನ್ನೂ ನಾಗಲೆಯೇ ಅವನಿಗೆ ಕೊಟ್ಟಳು. ದೊರೆ ಮಂಚದ ಬಳಿ ಕೂತು ಗೋಗರೆದ. "ಅವ್ವಾ, ಇನ್ನೊಂದು ತೆಗೆಸೋಣ. ಈ ಸಲ ಸ್ವಲ್ಪ ನಗು."

ಅಜ್ಜಮ್ಮ ಗೋಡೆ ಕಡೆ ಹೊರಳಿಕೊಂಡಳು. "ಇದೇ ಇರಲಿ. ನಾನು ಹೋದ ಮೇಲೆ ನಿನ್ನ ಸಿಂಹಾಸನದ ಎದುರಿಗೆ ಇದನ್ನೇ ತೂಗುಹಾಕು."

ಹಾಗೇ ತೂಗುಹಾಕಿದರು. ಆಮೇಲೆ ದೊರೆ ಎಷ್ಟು ಸಲ ತಲೆ ಹಾರಿಸಿ ಎನ್ನಲು ಬಾಯಿ ತೆರೆದನೋ, ಅಷ್ಟು ಸಲವೂ ಎದುರಿನ ಗೋಡೆ ನೋಡಿ ಬಾಯಿ ಮುಚ್ಚಿಕೊಂಡ.