ಮಾಳಿಗೆಯ ಮಣ್ಣು

ಶಿಷ್ಯನೊಬ್ಬ ಗುರುವನ್ನು ಕೇಳಿದ: “ಗುರುಗಳೇ, ಭೂಕಂಪದಲ್ಲಿ ಸತ್ತವರನ್ನು ಕೊಂದವರು ಯಾರು? ಭೂಮಿಯೇ, ದೇವರೇ, ಅಥವಾ ಅವರವರ ಕರ್ಮವೇ?”

ಗುರು ಹೇಳಿದ ಕತೆ ಇದು.

ಕಪ್ಪು ಮಣ್ಣಿನ ಸೀಮೆಯಲ್ಲಿ ಒಬ್ಬ ರೈತನಿದ್ದ. ಅಲ್ಲಿಯವರೆಲ್ಲ ಕಲ್ಲಿನ ಗೋಡೆ ಕಟ್ಟಿ, ಮೇಲೆ ತೊಲೆಗಳನ್ನಿಟ್ಟು, ಅದರ ಮೇಲೆ ಮಣ್ಣು ಹರಡಿ ಮಾಳಿಗೆ ಮಾಡಿಕೊಂಡವರು. ಮಳೆಗಾಲ ಹತ್ತಿರ ಬಂತೆಂದರೆ ಪ್ರತಿ ಮನೆಯವರೂ ನೀರು ಇಳಿಯಗೊಡದ ಸವಳು ಮಣ್ಣು ತಂದು ಮಾಳಿಗೆಗೆ ಒಂದು ಪದರ ಹಾಕಬೇಕು. ಇಲ್ಲದಿದ್ದರೆ ಸೋರುತ್ತದೆ. ಸೋರುವ ಮನೆಗೆ ಹೆಣ್ಣು ಕೊಡುವವರೂ ಹಿಂದೆ ಮುಂದೆ ನೋಡುತ್ತಿದ್ದರು.

ರೈತ ಈ ವಿಷಯದಲ್ಲಿ ಬಲು ಕಟ್ಟುನಿಟ್ಟು. ಅವನ ಅಪ್ಪ ಒಂದು ವರ್ಷವೂ ತಪ್ಪಿಸಿರಲಿಲ್ಲ, ತಾತನೂ ತಪ್ಪಿಸಿರಲಿಲ್ಲ. ಅವನ ತಾಯಿ ಕೆಳಗೆ ನಿಂತು ಬುಟ್ಟಿ ತುಂಬಿ ಕೊಡುತ್ತಿದ್ದಳು, ಅವನು ಏಣಿ ಹತ್ತಿ ಸುರಿಯುತ್ತಿದ್ದ. ಸಾಕೆಂದು ಅವನು ಇಳಿದರೆ ಅವಳು ಇನ್ನೊಂದು ಬುಟ್ಟಿ ತುಂಬಿಟ್ಟಿರುತ್ತಿದ್ದಳು.

ಪಕ್ಕದ ಮನೆಯಲ್ಲಿ ಒಬ್ಬ ಸೋಮಾರಿ. ಅವನು ನಾಲ್ಕು ವರ್ಷಕ್ಕೊಮ್ಮೆ ಹೆಂಡತಿಯ ಕಾಟ ತಾಳಲಾರದೆ ನಾಲ್ಕು ಬುಟ್ಟಿ ಹಾಕಿದರೆ ಹೆಚ್ಚು. ಮಳೆ ಬಂದರೆ ಅವನ ಮನೆಯ ಪಾತ್ರೆಗಳಿಗೆ ಅಡುಗೆಗಿಂತ ಸೋರುವ ನೀರು ಹಿಡಿಯುವ ಕೆಲಸವೇ ಜಾಸ್ತಿ. ಊರೆಲ್ಲ ಅವನನ್ನು ನೋಡಿ ನಗುತ್ತಿತ್ತು. ನಗುವವರ ಜೊತೆ ಅವನೂ ನಗುತ್ತಿದ್ದ.

ಒಂದು ಮುಂಜಾನೆ ರೈತ ಹೆಂಡತಿ, ಮಗಳೊಡನೆ ಕಣದಲ್ಲಿದ್ದ. ತಾಯಿ ಮನೆಯೊಳಗೆ ಜೋಳ ಬೀಸುತ್ತಿದ್ದಳು. ನೆಲ ಗುಡುಗಿತು, ಅಲುಗಾಡಿತು, ನಿಂತಿತು. ಒಂದು ಎಲೆಯಡಿಕೆ ಮಡಚುವಷ್ಟು ಹೊತ್ತೂ ಇರಲಿಲ್ಲ. ಏಳು ಊರುಗಳ ಮನೆಗಳು ನೆಲಕ್ಕೆ ಬಿದ್ದವು. ಬಾವಿಗಳ ನೀರು ಕೆಂಪಾಯಿತು, ಕೆರೆಯ ಏರಿ ಬಿರುಕುಬಿಟ್ಟಿತು. ರೈತನ ತಾಯಿಯನ್ನು ಹೊರತೆಗೆಯುವಷ್ಟರಲ್ಲಿ ಮಧ್ಯಾಹ್ನವಾಗಿತ್ತು. ಅವಳಲ್ಲಿ ಜೀವವಿರಲಿಲ್ಲ.

ಸೋಮಾರಿಯ ಮನೆ ಮಾತ್ರ ನಿಂತಿತ್ತು. ಗೋಡೆಗಳು ಸೀಳುಬಿಟ್ಟಿದ್ದವು, ಮಾಳಿಗೆ ಬಿದ್ದಿರಲಿಲ್ಲ.

ಭೂಮಿತಾಯಿ ಮುನಿದಳು ಎಂದರು ಕೆಲವರು. ರೈತನ ಮನೆತನದಲ್ಲಿ ಏನೋ ಪಾಪವಿರಬೇಕು ಎಂದು ಇನ್ನು ಕೆಲವರು ಅವನಿಗೆ ಕೇಳುವಂತೆಯೇ ಪಿಸುಗುಟ್ಟಿದರು. ರೈತನಿಗೆ ದುಃಖಕ್ಕಿಂತಲೂ ಹೀಗೇಕಾಯಿತು ಎಂಬ ಪ್ರಶ್ನೆ ದೊಡ್ಡದಾಯಿತು. ಮುಂದಿನ ಮಳೆಗಾಲದ ಹೊತ್ತಿಗೆ ಮಗಳ ತಲೆಯ ಮೇಲೆ ಅವನು ಮತ್ತೊಂದು ಮಾಳಿಗೆ ಕಟ್ಟಬೇಕಿತ್ತು. ಈ ಮನೆ ಯಾಕೆ ಬಿತ್ತು, ಆ ಮನೆ ಯಾಕೆ ನಿಂತಿತು ಎಂದು ತಿಳಿಯದೆ ಒಂದು ಕಲ್ಲನ್ನೂ ಎತ್ತಿಡಲು ಅವನಿಗೆ ಧೈರ್ಯ ಬರಲಿಲ್ಲ.

ಅವನು ಸೋಮಾರಿಯ ಬಳಿಗೆ ಹೋಗಿ, ನೀನು ಮಾಡಿದ ಪುಣ್ಯವೇನು ಎಂದು ಕೇಳಿದ.

ಸೋಮಾರಿ ತಲೆ ತಗ್ಗಿಸಿದ. “ನನಗೇನ್ ಗೊತ್ತಪ್ಪಾ? ನಾ ಏನೂ ಮಾಡಿಲ್ಲ.”

ರೈತ ಆ ಮಾತಿನ ಹಿಂದೆಯೇ ಬಿದ್ದ. ಏನೂ ಮಾಡದವನು ಏನನ್ನು ಮಾಡಿರಲಿಲ್ಲ? ಏಣಿ ತಂದು ಸೋಮಾರಿಯ ಮಾಳಿಗೆ ಹತ್ತಿದ. ಕೋಲು ಚುಚ್ಚಿ ನೋಡಿದ. ಮಣ್ಣು ಒಂದು ಗೇಣೂ ಇರಲಿಲ್ಲ. ಅಲ್ಲಿಂದ ನೇರವಾಗಿ ತನ್ನ ಮನೆಯ ರಾಶಿಗೆ ಬಂದ. ಮಾಳಿಗೆಯ ಒಂದು ದೊಡ್ಡ ಹೆಂಟೆ ಒಡೆಯದೆ ಮಗ್ಗುಲಾಗಿ ಬಿದ್ದಿತ್ತು. ಅದರ ಅಂಚನ್ನು ಗುದ್ದಲಿಯಿಂದ ಕೆರೆದ. ಒಂದರ ಮೇಲೊಂದು ಪದರಗಳು ಕಂಡವು. ಬೂದಿ ಬಣ್ಣದ್ದು, ಬಿಳಿಚಿದ್ದು, ಕೆಂಪು ಕಲೆತದ್ದು. ತಳದಲ್ಲಿದ್ದವು ತಾತನವು. ನಡುವೆ ಅಪ್ಪನವು. ಮೇಲಿನ ಹತ್ತೊಂಬತ್ತು ತನ್ನವು. ಎಲ್ಲ ಸೇರಿ ಅವನ ತೊಡೆಯ ಮಟ್ಟಕ್ಕೆ ಬಂದವು. ಮೂರು ತಲೆಮಾರು ಮಣ್ಣನ್ನು ಏರಿಸಿತ್ತು, ಇಳಿಸಬೇಕೆಂದು ಒಬ್ಬರಿಗೂ ಹೊಳೆದಿರಲಿಲ್ಲ.

ಆ ಹತ್ತೊಂಬತ್ತು ಪದರಗಳ ಬುಟ್ಟಿ ತುಂಬಿ ಕೊಟ್ಟವಳು ತಾಯಿಯೇ. ರೈತ ಅಲ್ಲೇ ಕುಕ್ಕರಿಸಿ ಕೂತು, ಅವಳು ಸತ್ತ ದಿನ ಬಾರದ ಅಳುವನ್ನೆಲ್ಲ ಅತ್ತ.

ಹೊಸ ಮನೆ ಎದ್ದಿತು. ರೈತ ತಾನೇ ಅಳೆದು ಒಂದು ಗೇಣು ಮಣ್ಣು ಹಾಕಿ, ಏಣಿಯನ್ನು ತೆಗೆದು ನೆಲಕ್ಕೆ ಮಲಗಿಸಿದ. ಆದರೆ ಆ ಸೀಮೆಯಲ್ಲಿ ಇನ್ನೊಂದು ಪದ್ಧತಿ ಇತ್ತು. ಹೊಸ ಮಾಳಿಗೆ ಆದಾಗ ಊರಿನ ಪ್ರತಿ ಮನೆಯಿಂದ ಒಂದು ಬುಟ್ಟಿ ಮಣ್ಣು ತಂದು ಮೇಲೆ ಸುರಿಯಬೇಕು. ಅದು ಹಾರೈಕೆ, ಅದು ನೆಂಟತನ. ಬೇಡವೆಂದರೆ ಊರಿಗೇ ಬೇಡವಾದಂತೆ. ಜನ ಬುಟ್ಟಿ ಹೊತ್ತು ಬಂದು, ಮಲಗಿದ ಏಣಿಯನ್ನು ನೋಡಿ ನಿಂತರು.

ಎಲ್ಲರಿಗಿಂತ ಹಿರಿಯ ಅಜ್ಜ ಮುಂದೆ ಬಂದ. ಭೂಕಂಪದಲ್ಲಿ ಅವನ ಇಬ್ಬರು ಮಕ್ಕಳು ಹೋಗಿದ್ದರು. ಆದರೂ ಬುಟ್ಟಿಯನ್ನು ತಾನೇ ಹೊತ್ತು ತಂದಿದ್ದ. “ಯಾಕಪ್ಪಾ, ನನ್ನ ಒಂದು ಬುಟ್ಟಿ ಮಣ್ಣು ನಿನಗ ಭಾರ ಆತೇನು?” ಎಂದ.

ರೈತ ಕೈಮುಗಿದ. “ಇಲ್ಲ ಅಜ್ಜಾ, ನಿಮ್ಮ ಬುಟ್ಟಿ ಭಾರ ಇಲ್ಲ. ನಮ್ಮವ್ವನ ಬುಟ್ಟೀನೂ ಭಾರ ಇರಲಿಲ್ಲ. ಯಾರ ಬುಟ್ಟೀನೂ ಭಾರ ಇರಲಿಲ್ಲ.”

ಆಮೇಲೆ ಅವನು ಎಲ್ಲರನ್ನೂ ಆ ಹೆಂಟೆಯ ಬಳಿಗೆ ಕರೆದೊಯ್ದು ಪದರಗಳನ್ನು ತೋರಿಸಿದ. ಅಜ್ಜ ಬಗ್ಗಿ, ಒಂದೊಂದೇ ಪದರದ ಮೇಲೆ ಬೆರಳಿಟ್ಟು, ಮೇಲಿನವರೆಗೆ ಎಣಿಸಿದ. ಕೊನೆಗೆ ತನ್ನ ಬುಟ್ಟಿಯನ್ನು ಅಂಗಳದಲ್ಲಿ ಸುರಿದ. ಉಳಿದವರೂ ಅಲ್ಲೇ ಸುರಿದರು. ಆ ಮಣ್ಣಿನಿಂದ ಬಾಗಿಲ ಮುಂದೆ ಒಂದು ಕಟ್ಟೆಯಾಯಿತು. ಮರುವರ್ಷದಿಂದ ಹಳೆಯ ಪದರ ಕೆರೆದು ಇಳಿಸಿದ ಮೇಲೆಯೇ ಹೊಸದನ್ನು ಏರಿಸುವುದು ಆ ಊರಿನ ರೂಢಿಯಾಯಿತು.

ಗುರು ಕತೆ ಮುಗಿಸಿದ. ಶಿಷ್ಯನ ಮುಖ ಅರಳಿತ್ತು.

“ತಿಳಿಯಿತು ಗುರುಗಳೇ,” ಎಂದ. “ಇಷ್ಟು ವರ್ಷ ನೀವು ಹೇಳಿದ ಒಂದು ಮಾತನ್ನೂ ನಾನು ಬಿಟ್ಟಿಲ್ಲ. ಇದನ್ನೂ ಅವುಗಳ ಜೊತೆಗೆ ಸೇರಿಸಿಟ್ಟುಕೊಳ್ಳುತ್ತೇನೆ.”

“ಹಾಗಾದರೆ ಮೊದಲು, ನಾನು ಹೇಳಿದ್ದರಲ್ಲಿ ಯಾವುದನ್ನು ಇಳಿಸುತ್ತೀಯೋ ಹೇಳು,” ಎಂದ ಗುರು.