ದೇವಿಯ ಮಾತು ಯಾರ ಕಿವಿಗೆ ಬಿತ್ತು?

ಬನ್ನಿ ಮಕ್ಕಳೇ, ಹತ್ತಿರ ಕೂತ್ಕೊಳ್ಳಿ. ಕೆಂಚನಗಡ ಅಂತ ಒಂದು ರಾಜ್ಯ. ಅಲ್ಲಿಗೆ ವೀರಗೊಂಡ ರಾಜ. ಅವನು ಮಾಡಿದ್ದನ್ನೇ ಊರೆಲ್ಲ ಮಾಡೋದು. ರಾಜ ಮೀಸೆ ತಿರುವಿದರೆ, ಮೀಸೆ ಇಲ್ಲದವರೂ ತುಟಿ ಮೇಲೆ ಬೆರಳಾಡಿಸೋರು.

ಒಂದು ಸಲ ರಾಜ ಬಿಳಿ ಕುದುರೆ ತಂದ. ಎಲ್ಲರಿಗೂ ಬಿಳಿ ಕುದುರೆಯೇ ಬೇಕಾಯಿತು. ಇದ್ದದ್ದು ಹತ್ತು, ಬೇಕೆಂದವರು ಸಾವಿರ. ಅಣ್ಣತಮ್ಮಂದಿರು ಬಡಿದಾಡಿದರು. ಬೀಗರು ಬಡಿದಾಡಿದರು. ಕಡೆಗೆ ಊರಿಗೆ ಊರೇ ಬಡಿಗೆ ಹಿಡಿಯಿತು.

ಆಗ ಪೂಜಾರಿ ಜಡೆಯಪ್ಪ, "ದೇವಿ ಮುನಿದಿದ್ದಾಳೆ, ಬಲಿ ಕೊಡಿ" ಅಂದ. ಟಗರು ಕೊಟ್ಟರು. ಜಗಳ ಮೂರು ದಿನ ನಿಂತಿತು. ಕೋಣ ಕೊಟ್ಟರು. ಎಂಟು ದಿನ ನಿಂತಿತು, ಮತ್ತೆ ಹೊತ್ತಿಕೊಂಡಿತು. ಬಲಿ ಬಿದ್ದಷ್ಟೂ ಜಡೆಯಪ್ಪನ ಮಾತಿಗೆ ತೂಕ ಬಂತು. ಮೂರನೇ ಸಲ ಅವನು, "ದೇವಿ ಮನುಷ್ಯರನ್ನೇ ಕೇಳ್ತಿದ್ದಾಳೆ" ಅಂದುಬಿಟ್ಟ.

ಯಾರನ್ನು ಕೊಡೋದು? ಊರ ಹೊರಗೆ ಬುಟ್ಟಿ ಹೆಣೆಯುವ ಸಂಕವ್ವ ಇದ್ದಳು. ಗಂಡನಿಲ್ಲ, ಮಕ್ಕಳಿಲ್ಲ, ಅವಳ ಪರವಾಗಿ ಕೇಳೋರಿಲ್ಲ.

"ಅವಳೇ!" ಅಂದ ಜಡೆಯಪ್ಪ. "ಅವಳೇ!" ಅಂದ ಒಬ್ಬ. "ಅವಳೇ, ಅವಳೇ!" ಅಂತು ಊರು. ನಿನ್ನೆ ಬಡಿದಾಡಿದವರು ಇವತ್ತು ಹೆಗಲಿಗೆ ಹೆಗಲು ಕೊಟ್ಟು ಅವಳನ್ನು ದೇವಿಯ ಗುಡಿ ಮುಂದೆ, ರಾಜ, ಮಂತ್ರಿ ನಿಂತಿದ್ದಲ್ಲಿಗೆ ಎಳೆತಂದರು.

ಸಂಕವ್ವ ರಾಜನ ಕಡೆ ತಿರುಗಿದಳು. ತಲೆ ಬಗ್ಗಿಸಲಿಲ್ಲ.

"ರಾಜಪ್ಪಾ, ದೇವಿ ನನ್ನ ಹೆಸರು ಹೇಳಿದ್ದನ್ನ ನೀನು ಕೇಳಿದೆಯಾ?"

"ಇಲ್ಲವ್ವ. ಮಂತ್ರಿ ಹೇಳಿದ."

"ಮಂತ್ರಿಗಳೇ, ನೀವು ಕೇಳಿದ್ರಾ?"

"ಊರೆಲ್ಲ ಹೇಳ್ತಿತ್ತು, ನಾನೂ ಹೇಳಿದೆ."

"ಊರವರೇ, ನೀವು?"

ಒಬ್ಬರ ಮುಖ ಒಬ್ಬರು ನೋಡಿಕೊಂಡರು. "ಪಕ್ಕದವನು ಕೂಗಿದ, ನಾನೂ ಕೂಗಿದೆ" ಅಂದರು.

"ನಾನು ಕೇಳಿದ್ದೀನಿ!" ಅಂತ ಜಡೆಯಪ್ಪ ಗದರಿದ. "ಬಲಿಯಾದರೆ ನಿನಗೆ ಸ್ವರ್ಗ ಕಣೇ. ದೊಡ್ಡ ಪುಣ್ಯ!"

"ಅಷ್ಟು ದೊಡ್ಡ ಪುಣ್ಯ ಬಡವಿಗ್ಯಾಕಪ್ಪ? ದೊಡ್ಡವರು ನಡೆದ ಮೇಲೆ ಚಿಕ್ಕವರು ನಡೆಯೋದು ನಮ್ಮೂರ ಪದ್ಧತಿ. ಮೊದಲು ನೀನು ಕತ್ತು ಕೊಡು. ನಿನ್ನ ಹಿಂದೆಯೇ ನಾನು ಬರ್ತೀನಿ."

"ಹೌದಲ್ಲ!" ಅಂದ ಒಬ್ಬ. "ಹೌದು, ಹೌದು!" ಅಂತು ಊರು. ಎಲ್ಲರ ಕಣ್ಣು ಜಡೆಯಪ್ಪನ ಕತ್ತಿನ ಮೇಲೆ ನೆಟ್ಟಿತು. ಯಾರೋ ಬಲಿಯ ಕತ್ತಿಯನ್ನೂ ಎತ್ತಿಕೊಂಡರು.

ಜಡೆಯಪ್ಪ ಕುಸಿದು ಕೂತ. "ದೇವಿ ಏನೂ ಹೇಳಿಲ್ಲ! ನಾನೇ ಹೇಳಿದ್ದು!" ಅಂತ ಅತ್ತ.

ಸಂಕವ್ವ ಆ ಕತ್ತಿ ಕಿತ್ತು ಗುಡಿಯ ಬಾವಿಗೆ ಎಸೆದಳು. "ಅವನೂ ಬೇಡ. ಯಾರೂ ಬೇಡ. ಜಗಳ ತಂದದ್ದು ದೇವಿಯಲ್ಲ, ನಿಮ್ಮ ಹೊಟ್ಟೆಕಿಚ್ಚು."

ಜಡೆಯಪ್ಪ ಆ ಕ್ಷಣವೇ ಊರು ಬಿಟ್ಟ. ಜನ ಸಂಕವ್ವನ ಕಾಲಿಗೆ ಬಿದ್ದರು. "ನೀನೇ ದೇವಿ ಕಣವ್ವ, ನಿನಗೆ ಗುಡಿ ಕಟ್ಟಿಸ್ತೀವಿ" ಅಂದರು.

"ಏಳ್ರೋ!" ಅಂತ ಅವಳು ಗುಡುಗಿದಳು. "ಬೆಳಿಗ್ಗೆ ಕೊಲ್ಲೋಕೆ ಎಳೆದಾಗಲೂ ಪಕ್ಕದವನನ್ನ ನೋಡಿ ಎಳೆದಿರಿ. ಈಗ ಬೀಳೋವಾಗಲೂ ಪಕ್ಕದವನನ್ನ ನೋಡೇ ಬಿದ್ದಿರಿ. ನನಗೆ ಗುಡಿ ಬೇಡ. ನಿಮ್ಮ ನಡುವೆ ಒಂದು ಮನೆ ಕೊಡಿ."

ಕೊಟ್ಟರು ಮಕ್ಕಳೇ. ಊರ ನಟ್ಟನಡುವೆಯೇ ಕೊಟ್ಟರು.

ಹತ್ತು ಜನ ಕೂಗಿದರು ಅಂತ ನೀವೂ ಕೂಗಬೇಡಿ. ಇನ್ನೊಬ್ಬರ ಕತ್ತು ಕೇಳೋದು ಭಕ್ತಿಯಲ್ಲ. ಹಾಗೆ ಕೇಳಿದವರ ಎದುರು ನಿಂತು, "ಮೊದಲು ನೀನು" ಅನ್ನಿ.